ಲೇಬಲ್ ಇಲ್ಲದ ಹಾಡುಗಾರ: ಶರೀಫಜ್ಜನ ಪದ ಯಾರ ಆಸ್ತಿ?

(ಈ ವಾರದ ಸಂಚಿಕೆಯ ಬರಹ ರೂಪ. ಓದಲು ಅನುಕೂಲವಾಗಲೆಂದು ಅಲ್ಲಲ್ಲಿ ಮಾತನ್ನು ತುಸು ತಿದ್ದಲಾಗಿದೆ.)

ಬಸ್ಸಿನಲ್ಲಿ ಇಯರ್‌ಫೋನ್ ಹಾಕಿಕೊಂಡು ಕೂತಿರೋರಿಗೆ, ರಾತ್ರಿ ಲೈಟ್ ಆರಿಸಿ ಫೋನನ್ನ ದಿಂಬಿನ ಪಕ್ಕ ಇಟ್ಕೊಂಡಿರೋರಿಗೆ, ಡೇಟಾ ಉಳಿಸೋಕೆ ಕೇಳೋ ಬದಲು ಓದ್ತಾ ಇರೋರಿಗೆ, ಎಲ್ಲರಿಗೂ ನಮಸ್ಕಾರ.

ಇವತ್ತಿನ ಕಥೆ ನನ್ನ ಫೋನಿಗೆ ಬಂದ ಒಂದು ನೋಟಿಫಿಕೇಶನ್‌ನಿಂದ ಶುರುವಾಗುತ್ತೆ.

ಹೋದ ವರ್ಷ ಫೆಬ್ರುವರಿ. ಬ್ಯಾಡಗಿಯಲ್ಲಿ ಮೆಣಸಿನಕಾಯಿ ಸೀಸನ್ ಜೋರಾಗಿತ್ತು. ನನ್ನ ಗೆಳೆಯನ ಮನೆಯವರದು ಅಲ್ಲಿ ಒಂದು ಅಂಗಡಿ. ಅಂಗಡಿ ಮೇಲಿನ ಖೋಲಿಯಲ್ಲಿ ಖಾಲಿ ಗೋಣಿಚೀಲ ಒಟ್ಟಿರ್ತಾರೆ. ಸುತ್ತ ಚೀಲಗಳಿದ್ರೆ ದನಿ ಗೋಡೆಗೆ ಬಡಿದು ವಾಪಸ್ ಬರಲ್ಲ. ಸ್ಟುಡಿಯೊಗೆ ಕೊಡೋ ದುಡ್ಡು ನಮ್ಮ ಹತ್ರ ಇರಲಿಲ್ಲ, ಹಾಗಾಗಿ ಅದೇ ನಮ್ಮ ಸ್ಟುಡಿಯೊ. ಒಂದು ಗಿಟಾರು, ಒಂದು ಫೋನು, ನಾನು. ಶಿಶುನಾಳ ಶರೀಫರ ಒಂದು ಪದ ಹಾಡಿದೆ. ಮೆಣಸಿನಕಾಯಿ ಘಾಟಿಗೆ ಮೂರು ಸಲ ಕೆಮ್ಮಿ, ನಾಲ್ಕನೇ ಟೇಕ್ ಸರಿ ಬಂತು. ಸಂಜೆ ರಾಣೇಬೆನ್ನೂರಿಗೆ ವಾಪಸ್ ಬರೋ ಬಸ್ಸಿನಲ್ಲೇ ಅಪ್‌ಲೋಡ್ ಮಾಡಿದೆ.

ಎರಡು ದಿನಕ್ಕೆ ನೋಟಿಫಿಕೇಶನ್ ಬಂತು. ನಿಮ್ಮ ವಿಡಿಯೊದಲ್ಲಿ ಬೇರೆಯವರ ಹಕ್ಕಿಗೆ ಸೇರಿದ ಸಂಗೀತ ಇದೆ, ಇದರಿಂದ ಬರೋ ಆದಾಯ ಅವರಿಗೆ ಹೋಗುತ್ತೆ ಅಂತ.

ನನಗೆ ಸಿಟ್ಟು ಬಂತು. ಶರೀಫಜ್ಜ ತೀರಿಕೊಂಡದ್ದು 1889ರಲ್ಲಿ. ಅವರ ಊರು ನಮ್ಮದೇ ಹಾವೇರಿ ಜಿಲ್ಲೆ. ಗಿಟಾರ್ ನಂದು, ದನಿ ನಂದು. ಮತ್ತೆ ಈ ಮಾಲೀಕ ಯಾರು? ಸಿಟ್ಟಿನಲ್ಲಿ ವಿಡಿಯೊ ಡಿಲೀಟ್ ಮಾಡಿದೆ. ಆಮೇಲೆ ಅಜ್ಜನ ಮನೆಗೆ ಹೋದಾಗ ಈ ಕಥೆ ಹೇಳಿದೆ. ಅಜ್ಜ ಅಂದ್ರೆ ನಮ್ಮವ್ವನ ಅಪ್ಪ, ರಾಣೇಬೆನ್ನೂರು ತಾಲೂಕಿನ ಒಂದು ಹಳ್ಳಿಯಲ್ಲಿ ಐವತ್ತು ವರ್ಷದಿಂದ ಭಜನಿ ಮೇಳದಲ್ಲಿ ಹಾಡ್ತಾರೆ. ಅವರು ಫೋನಿನಲ್ಲಿ ಉಳಿದಿದ್ದ ರೆಕಾರ್ಡಿಂಗ್ ಕೇಳಿ, ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದ್ರು:

"ತಮ್ಮಾ, ಪದ ಶರೀಫಜ್ಜಂದು ಖರೆ. ಆದ್ರ ಈ ಧಾಟಿ ಕ್ಯಾಸೆಟ್ಟಿಂದೈತಿ. ನಾವು ಹಿಂಗ ಹಾಡಂಗಿಲ್ಲ."

ಇವತ್ತಿನ ಸಂಚಿಕೆ ಪೂರ್ತಿ ಆ ಒಂದು ಮಾತಿನ ವಿವರಣೆ ಅಂತ ತಿಳ್ಕೊಳ್ಳಿ.

ಇಂಡಿ ಅಂದ್ರೆ ಯಾರು?

ಮೊದಲು ಒಂದು ಶಬ್ದ ಬಿಡಿಸೋಣ. 'ಇಂಡಿ' ಅಂದ ಕೂಡಲೇ ನಮಗೆ ಗಿಟಾರು, ಉದ್ದ ಕೂದಲು, ಬೆಂಗಳೂರಿನ ಕೆಫೆ ಕಣ್ಮುಂದೆ ಬರುತ್ತೆ. ಆದ್ರೆ ಇಂಡಿ ಒಂದು ಸಂಗೀತದ ಶೈಲಿಯ ಹೆಸರಲ್ಲ. ಇಂಡಿಪೆಂಡೆಂಟ್, ಅಂದ್ರೆ ಸ್ವತಂತ್ರ ಅನ್ನೋದರ ತುಂಡು ಅದು. ಹಾಡು ಮಾಡೋಕೆ ದುಡ್ಡು ಹಾಕೋದು ಯಾರು, ಹಾಡು ಹೇಗಿರಬೇಕು ಅಂತ ತೀರ್ಮಾನ ಮಾಡೋದು ಯಾರು, ಕೊನೆಗೆ ಹಾಡು ಯಾರ ಹೆಸರಲ್ಲಿ ಉಳಿಯುತ್ತೆ, ಈ ಮೂರು ಪ್ರಶ್ನೆಗೆ ಉತ್ತರ ಹಾಡುಗಾರನೇ ಆಗಿದ್ರೆ ಅವನು ಇಂಡಿ.

ಕನ್ನಡದಲ್ಲಿ ನಾವು ಕೇಳೋ ಹಾಡುಗಳಲ್ಲಿ ಹೆಚ್ಚಿನವು ಸಿನಿಮಾದವು. ಅಲ್ಲಿ ಒಬ್ಬರು ಬರೀತಾರೆ, ಒಬ್ಬರು ರಾಗ ಹಾಕ್ತಾರೆ, ಇನ್ನೊಬ್ಬರು ಹಾಡ್ತಾರೆ, ನಿರ್ಮಾಪಕರು ದುಡ್ಡು ಹಾಕ್ತಾರೆ, ಆಡಿಯೊ ಕಂಪನಿ ಹಕ್ಕು ಕೊಳ್ಳುತ್ತೆ. ಸಿಂಗರ್ ಸಾಂಗ್‌ರೈಟರ್ ಅಂದ್ರೆ ಇದೆಲ್ಲ ಒಬ್ಬರ ಮೈಯಲ್ಲೇ ಇರೋದು. ತಾನೇ ಕಟ್ಟಿ, ತಾನೇ ಹಾಡೋರು.

ನಮ್ಮ ಜಿಲ್ಲೆಯಲ್ಲಿ ಹಾಗೆ ಕಟ್ಟಿ ಹಾಡಿದವರಲ್ಲಿ ಎಲ್ಲರಿಗೂ ಗೊತ್ತಿರೋ ಹೆಸರು ಶರೀಫರದ್ದು. ಅವರನ್ನ ಸಂತ ಅಂತೀವಿ, ತತ್ವಪದಕಾರ ಅಂತೀವಿ. ಎರಡೂ ಸರಿ. ಇವತ್ತು ಮಾತ್ರ ಅವರನ್ನ ಒಬ್ಬ ಹಾಡುಗಾರನಾಗಿ, ನಮ್ಮ ನಿಮ್ಮ ಹಾಗೆ ಕೆಲಸ, ಸಂಸಾರ, ಊರು ಇದ್ದ ಒಬ್ಬ ಮನುಷ್ಯನಾಗಿ ನೋಡೋಣ.

ಮೇಷ್ಟ್ರ ಕೆಲಸ ಬಿಟ್ಟವರು

ಹಾವೇರಿಯಿಂದ ಹುಬ್ಬಳ್ಳಿ ಕಡೆ ಹೈವೇಯಲ್ಲಿ ಹೋದ್ರೆ ಶಿಗ್ಗಾವಿ ಸಿಗುತ್ತೆ. ಆ ತಾಲೂಕಿನ ಒಂದು ಹಳ್ಳಿ ಶಿಶುವಿನಹಾಳ. ಜನರ ಬಾಯಲ್ಲಿ ಅದು ಶಿಶುನಾಳ. 1819ರಲ್ಲಿ ಶರೀಫರು ಹುಟ್ಟಿದ್ದು ಇಲ್ಲಿ. ತಂದೆ ಇಮಾಮ ಸಾಹೇಬರು, ತಾಯಿ ಹಜ್ಜೂಮಾ. ಆಗ ಹಾವೇರಿ ಜಿಲ್ಲೆ ಅಂತ ಇರಲಿಲ್ಲ, ಇದೆಲ್ಲ ಧಾರವಾಡದ ಸೀಮೆ. ಹಾವೇರಿ ಬೇರೆ ಜಿಲ್ಲೆಯಾದದ್ದು 1997ರಲ್ಲಿ.

ಹುಡುಗ ಕನ್ನಡ ಸಾಲಿ ಕಲಿತ. ಮುಲ್ಕಿ ಪರೀಕ್ಷೆ ಪಾಸಾದ. ಇವತ್ತು ಮುಲ್ಕಿ ಅಂದ್ರೆ ಯಾರಿಗೂ ಗೊತ್ತಾಗಲಿಕ್ಕಿಲ್ಲ, ಆದ್ರೆ ಆ ಕಾಲಕ್ಕೆ ಅದು ಸರಕಾರಿ ನೌಕರಿಯ ಬಾಗಿಲು. ಸುತ್ತಲಿನ ಹಳ್ಳಿಗಳಲ್ಲಿ ಮಾಸ್ತರರಾಗಿ ಕೆಲಸ ಮಾಡಿದ್ರು. ಹಳ್ಳಿಯೊಳಗೆ ಸಂಬಳ ಬರೋ ನೌಕರಿ ಅಂದ್ರೆ ಇವತ್ತಿಗೂ ಅದರ ಬೆಲೆ ಏನು ಅಂತ ನಿಮಗೆ ಗೊತ್ತು. ಪಿಯುಸಿ ಆದ ಮೇಲೆ ನಮ್ಮ ಮನೆಗಳಲ್ಲಿ ಮೊದಲು ಕೇಳೋ ಪ್ರಶ್ನೆ ಅದೇ. ಶರೀಫರು ಆ ನೌಕರಿ ಬಿಟ್ರು.

ಬಿಟ್ಟು ಹೋದದ್ದು ಒಬ್ಬ ಗುರುವಿನ ಹಿಂದೆ. ಕುಂದಗೋಳ ತಾಲೂಕಿನ ಕಳಸ ಗ್ರಾಮದ ಗೋವಿಂದಭಟ್ಟರು. ಗುರು ಬ್ರಾಹ್ಮಣ, ಶಿಷ್ಯ ಮುಸಲ್ಮಾನ. ಇಬ್ಬರ ಸುತ್ತ ನೂರಾರು ಕಥೆಗಳಿವೆ. ಗುರು ತನ್ನ ಜನಿವಾರ ತೆಗೆದು ಶಿಷ್ಯನಿಗೆ ಹಾಕಿದ ಕಥೆಯನ್ನ ನೀವೂ ಕೇಳಿರ್ತೀರಿ. ಯಾವುದು ನಡೆದದ್ದು, ಯಾವುದು ಜನ ಪ್ರೀತಿಯಿಂದ ಕಟ್ಟಿದ್ದು ಅಂತ ಬೇರೆ ಮಾಡೋಕೆ ನಾನು ಹೋಗಲ್ಲ. ಒಂದು ಮಾತ್ರ ಕಣ್ಣಾರೆ ನೋಡಬಹುದು: ಶಿಶುನಾಳದಲ್ಲಿ ಇವತ್ತಿಗೂ ಹಿಂದೂಗಳೂ ಮುಸಲ್ಮಾನರೂ ಒಂದೇ ಗದ್ದಿಗೆಗೆ ಕಾಯಿ, ಸಕ್ಕರೆ ಹಿಡಿದುಕೊಂಡು ಬರ್ತಾರೆ.

ಸಂಸಾರದ ಕಥೆ ಸಣ್ಣದು, ದುಃಖದ್ದು. ಕುಂದಗೋಳದ ಫಾತಿಮಾ ಅವರ ಜೊತೆ ಮದುವೆಯಾಯ್ತು. ಒಬ್ಬಳು ಮಗಳು ಹುಟ್ಟಿದಳು. ಹೆಂಡತಿಯೂ ಉಳಿಯಲಿಲ್ಲ, ಮಗಳೂ ಉಳಿಯಲಿಲ್ಲ. ಅದಾದ ಮೇಲೆ ಶರೀಫರಿಗೆ ಉಳಿದದ್ದು ತಿರುಗಾಟ ಮತ್ತು ಹಾಡು. ಸೋರುವ ಮನೆಯ ಮೇಲೆ ಅವರು ಕಟ್ಟಿದ ಪದವನ್ನ ನಾವು ಅಜ್ಞಾನದ ರೂಪಕ ಅಂತ ಪಾಠದಲ್ಲಿ ಕಲೀತೀವಿ, ಅದು ನಿಜ. ಆದ್ರೆ ಮಾಳಿಗೆ ಸೋರಿದ್ರೆ ಮ್ಯಾಲೆ ಹತ್ತಿ ಮಣ್ಣು ಮುಚ್ಚೋಕೆ ಮನೆಯಲ್ಲಿ ಒಬ್ಬರಾದ್ರೂ ಇರಬೇಕಲ್ವಾ? ಒಂಟಿ ಮನೆಯಲ್ಲಿ ಮಳೆಗಾಲ ಕಳೆದವರಿಗೆ ಆ ಪದ ಬೇರೆ ಥರ ಕೇಳಿಸುತ್ತೆ.

ನೋಡಿದ್ದೆಲ್ಲ ಹಾಡು

ಈಗ ಅವರ ಕರಿಯರ್ ಅಂತ ಹೇಳಬಹುದಾದದ್ದಕ್ಕೆ ಬರೋಣ.

ಶರೀಫರ ವಸ್ತುಗಳನ್ನ ಪಟ್ಟಿ ಮಾಡಿದ್ರೆ ನಗು ಬರುತ್ತೆ. ಗುಡುಗುಡಿ, ಅಂದ್ರೆ ಹುಕ್ಕಾ. ಸೋರುವ ಮಾಳಿಗೆ. ಕೋಡಗವನ್ನ ನುಂಗೋ ಕೋಳಿ. ಕೇಳ್ತಾ ಕೇಳ್ತಾ ಮಕ್ಕಳೂ ನಗೋ ಥರದ್ದು, ವಿದ್ವಾಂಸರು ಕೂತು ಒಂದೊಂದು ಸಾಲಿಗೆ ಒಂದು ಪುಟ ಅರ್ಥ ಬರೆಯೋ ಥರದ್ದೂ ಹೌದು. ನನಗೆ ಎಲ್ಲಕ್ಕಿಂತ ಇಷ್ಟ ಅವರ ಗಿರಣಿಯ ಪದ. ಹತ್ತಿ ಸೀಮೆಗೆ ಯಂತ್ರದ ಗಿರಣಿ ಹೊಸದಾಗಿ ಬಂದ ಕಾಲ. ಹೊಗೆ, ಚಕ್ರ, ನೂಲು, ಗದ್ದಲ. ಆ ಹೊಸ ಟೆಕ್ನಾಲಜಿಯನ್ನ ನೋಡಿ ಅವರು ಹೆದರಲಿಲ್ಲ, ಬೈಯಲಿಲ್ಲ. ಅದನ್ನೇ ದೇಹದ, ಜೀವದ ಕಥೆ ಮಾಡಿ ಹಾಡಿದ್ರು. ಇವತ್ತು ಯಾರಾದ್ರೂ ಮೊಬೈಲ್ ಟವರ್ ಮೇಲೆ ತತ್ವಪದ ಕಟ್ಟಿದ ಹಾಗೆ.

ವೇದಿಕೆ ಯಾವುದು? ಗುಡಿಯ ಕಟ್ಟೆ, ಮಠ, ಜಾತ್ರೆ, ದರ್ಗಾ. ಮೊಹರಮ್ ಸಮಯದಲ್ಲಿ ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಅಲಾಬ್ ಕುಣಿ ಸುತ್ತ ಹಾಡೋ ರಿವಾಯತ್ ಪದಗಳು ನಿಮಗೆ ಗೊತ್ತಿರಬಹುದು. ಕರ್ಬಲಾದ ಕಥೆ, ಕನ್ನಡದಲ್ಲಿ. ಶರೀಫರು ಅವನ್ನೂ ಕಟ್ಟಿದ್ರು. ಗುಡಿಯಲ್ಲಿ ಭಜನೆಗೆ ಒಂದು, ಹಬ್ಬದಲ್ಲಿ ಹೆಜ್ಜೆ ಹಾಕೋಕೆ ಒಂದು. ತನ್ನ ಕೇಳುಗರು ಯಾರು, ಅವರು ಯಾವಾಗ, ಎಲ್ಲಿ ಸೇರ್ತಾರೆ ಅಂತ ಅವರಿಗೆ ಚೆನ್ನಾಗಿ ಗೊತ್ತಿತ್ತು.

ಹಂಚಿಕೆ? ಜನರ ಬಾಯಿ. ಒಬ್ಬ ಕೇಳಿದ, ಊರಿಗೆ ಹೋಗಿ ಹಾಡಿದ, ಮೇಳದವರು ಬುಕ್ಕಿನಲ್ಲಿ ಬರ್ಕೊಂಡ್ರು. ಸಂಪಾದನೆ? ಸೊನ್ನೆ ಅಂತಾನೇ ಹೇಳಬೇಕು. ನೂರಾರು ಪದಗಳು ಉಳಿದಿವೆ, ಅವರ ದನಿ ಉಳಿದಿಲ್ಲ. ಭಾರತದಲ್ಲಿ ಗ್ರಾಮಾಫೋನ್ ಕಂಪನಿಯವರು ಹಾಡು ರೆಕಾರ್ಡ್ ಮಾಡೋಕೆ ಶುರು ಮಾಡಿದ್ದು 1902ರಲ್ಲಿ. ಅಷ್ಟೊತ್ತಿಗೆ ಶರೀಫರು ಹೋಗಿ ಹದಿಮೂರು ವರ್ಷ ಆಗಿತ್ತು. ಅವರು ಯಾವ ಪದವನ್ನ ಯಾವ ಧಾಟಿಯಲ್ಲಿ ಹಾಡಿದ್ರು ಅಂತ ಸ್ವರ ಹಾಕಿ ಬರೆದಿಟ್ಟವರೂ ಇಲ್ಲ. ಸಾಲು ಒಂದು ದಾರಿ ಹಿಡಿದು ಬಂತು, ಧಾಟಿ ಊರೂರಿಗೆ ಬೇರೆ ಬೇರೆ ದಾರಿ ಹಿಡೀತು. ಅಜ್ಜ ಹೇಳಿದ ಮಾತಿನ ಅರ್ಧ ಉತ್ತರ ಇಲ್ಲೇ ಇದೆ.

ಊರಿನ ದೇವರೇ ಕ್ರೆಡಿಟ್

ಹಾಗಾದ್ರೆ ಹಾಡು ಯಾರದು ಅಂತ ಜನಕ್ಕೆ ಹೇಗೆ ಗೊತ್ತಾಗ್ತಿತ್ತು? ಕೊನೆಯ ನುಡಿಯಲ್ಲಿ ಬರೋ ಅಂಕಿತದಿಂದ. ಶರೀಫರ ಅಂಕಿತ 'ಶಿಶುನಾಳಧೀಶ'. ಇವತ್ತು ನಾವು ವಿಡಿಯೊ ಮೂಲೆಯಲ್ಲಿ ವಾಟರ್‌ಮಾರ್ಕ್ ಹಾಕ್ತೀವಲ್ಲ, ಹಾಗೆ. ವ್ಯತ್ಯಾಸ ಅಂದ್ರೆ ವಾಟರ್‌ಮಾರ್ಕನ್ನ ಕ್ರಾಪ್ ಮಾಡಬಹುದು. ಅಂಕಿತ ಹಾಡಿನ ಪ್ರಾಸದೊಳಗೇ ಹೊಲಿದುಕೊಂಡಿರುತ್ತೆ, ತೆಗೆದ್ರೆ ನುಡಿಯೇ ಮುರಿಯುತ್ತೆ.

ಈ ಕಲೆ ನಮ್ಮ ಸೀಮೆಗೆ ಹಳೇದು. ರಾಣೇಬೆನ್ನೂರು ತಾಲೂಕಿನ ಚೌಡದಾನಪುರ ತುಂಗಭದ್ರೆಯ ದಂಡೆ ಮೇಲಿದೆ. ಹನ್ನೆರಡನೇ ಶತಮಾನದ ಅಂಬಿಗರ ಚೌಡಯ್ಯನ ಹೆಸರಿನ ಜೊತೆ ಸೇರಿಕೊಂಡ ಊರದು. ಕಾಯಕ ದೋಣಿ ನಡೆಸೋದು. ಬೇರೆ ಶರಣರು ತಮ್ಮ ಇಷ್ಟದೈವದ ಹೆಸರನ್ನ ಅಂಕಿತ ಮಾಡ್ಕೊಂಡ್ರೆ, ಚೌಡಯ್ಯ ತನ್ನ ಹೆಸರನ್ನೇ ಹಾಕ್ಕೊಂಡ. ಕಾಯಕದ ಸಮೇತ, 'ಅಂಬಿಗರ ಚೌಡಯ್ಯ' ಅಂತ. ಆಮೇಲೆ ಕನಕದಾಸರು. ಹುಟ್ಟಿದ್ದು ಶಿಗ್ಗಾವಿ ತಾಲೂಕಿನ ಬಾಡದಲ್ಲಿ, ಅಂಕಿತದಲ್ಲಿರೋದು ಬ್ಯಾಡಗಿ ತಾಲೂಕಿನ ಕಾಗಿನೆಲೆಯ ಆದಿಕೇಶವ. ಕನಕದಾಸರ ಕೀರ್ತನೆ ಎಲ್ಲಿ ಹಾಡಿದ್ರೂ ಕಾಗಿನೆಲೆಯ ಹೆಸರು ಬಂದೇ ಬರುತ್ತೆ.

ಬ್ಯಾಡಗಿ ಮೆಣಸಿನಕಾಯಿಗೆ 2011ರಲ್ಲಿ ಜಿಐ ಟ್ಯಾಗ್ ಸಿಕ್ತು. ಒಂದು ಊರಿನ ಹೆಸರನ್ನ ಆ ಊರಿನ ಗುಣಕ್ಕೆ ಕಾನೂನಿನಲ್ಲಿ ಕಟ್ಟಿಹಾಕೋ ಗುರುತು ಅದು. ನಮ್ಮ ಪದಕಾರರು ಆ ಕೆಲಸವನ್ನ ಯಾವ ಆಫೀಸಿಗೂ ಹೋಗದೆ ಮಾಡ್ಕೊಂಡಿದ್ರು. ಆದ್ರೆ ಒಂದು ತೊಂದರೆ ಇದೆ. ಅಂಕಿತ ಹೆಸರನ್ನ ಕಾಯುತ್ತೆ, ದುಡ್ಡನ್ನ ಕಾಯಲ್ಲ. ಧಾಟಿಯನ್ನಂತೂ ಕಾಯೋದೇ ಇಲ್ಲ.

ಕ್ಯಾಸೆಟ್ ಬಂತು, ಧಾಟಿ ನಿಂತಿತು

ಶರೀಫರ ಪದಗಳು ನಮ್ಮ ಸೀಮೆ ದಾಟಿ ಇಡೀ ಕರ್ನಾಟಕಕ್ಕೆ ಮುಟ್ಟಿದ್ದರ ಹಿಂದೆ ಮುಖ್ಯವಾಗಿ ಮೂರು ಜನರ ಹೆಸರು ಹೇಳಬೇಕು. ಒಬ್ಬರು ಕವಿ ಎನ್.ಎಸ್. ಲಕ್ಷ್ಮೀನಾರಾಯಣ ಭಟ್ಟರು. ಶಿವಮೊಗ್ಗದವರು, ಬೆಂಗಳೂರಿನಲ್ಲಿ ಕನ್ನಡ ಪ್ರಾಧ್ಯಾಪಕರು. ಶರೀಫರ ಪದಗಳನ್ನ ಹೊಸ ಓದುಗರಿಗೆ, ಹಾಡುಗಾರರಿಗೆ ದಾಟಿಸೋಕೆ ಅವರು ಪಟ್ಟ ಶ್ರಮಕ್ಕೆ ಜನ ಅವರನ್ನ 'ಶರೀಫ ಭಟ್ಟ' ಅಂತಲೇ ಕರೆದ್ರು. ಇನ್ನೊಬ್ಬರು ಸಿ. ಅಶ್ವತ್ಥ್. ಐಟಿಐ ಕಾರ್ಖಾನೆಯಲ್ಲಿ ನೌಕರಿ ಮಾಡ್ತಾನೇ ಸಂಗೀತ ಕಟ್ಟಿದವರು. ಅವರು ಶರೀಫರ ಪದಗಳಿಗೆ ರಾಗ ಹಾಕಿ, ಆ ಎತ್ತರದ ದನಿಯಲ್ಲಿ ಹಾಡಿದ ಮೇಲೆ ಕ್ಯಾಸೆಟ್ಟುಗಳು ಮನೆಮನೆಗೆ ಹೋದವು. ಮೂರನೆಯವರು ಶಿವಮೊಗ್ಗ ಸುಬ್ಬಣ್ಣ. ವೃತ್ತಿಯಲ್ಲಿ ವಕೀಲರು. ಕೋಳಿ ಕೋಡಗನ ಪದ ಅಂದ್ರೆ ಬಹಳ ಜನಕ್ಕೆ ಇವತ್ತಿಗೂ ಕಿವಿಯಲ್ಲಿ ಕೇಳೋದು ಅವರ ದನಿ.

1990ರಲ್ಲಿ ಟಿ.ಎಸ್. ನಾಗಾಭರಣ ಅವರ 'ಸಂತ ಶಿಶುನಾಳ ಶರೀಫ' ಸಿನಿಮಾ ಬಂತು. ಶರೀಫರಾಗಿ ಶ್ರೀಧರ್, ಗೋವಿಂದಭಟ್ಟರಾಗಿ ಗಿರೀಶ ಕಾರ್ನಾಡ, ಸಂಗೀತ ಅಶ್ವತ್ಥ್ ಅವರದು. ರಾಷ್ಟ್ರೀಯ ಭಾವೈಕ್ಯದ ಸಿನಿಮಾಗೆ ಕೊಡೋ ನರ್ಗಿಸ್ ದತ್ ಪ್ರಶಸ್ತಿ ಅದಕ್ಕೆ ಸಿಕ್ತು.

ಆಮೇಲೆ ಗಿಟಾರಿನ ಕಾಲ. ಮೈಸೂರಿನಲ್ಲಿ ಬೆಳೆದ ರಘು ದೀಕ್ಷಿತ್ 2008ರಲ್ಲಿ ಹೊರತಂದ ತಮ್ಮ ಮೊದಲ ಆಲ್ಬಮ್‌ನಲ್ಲಿ ಶರೀಫರ ಎರಡು ಪದಗಳಿದ್ದವು: ಗುಡುಗುಡಿಯದ್ದು, ಮಾಳಿಗೆಯದ್ದು. ಧಾಟಿ ಬೇರೆ, ವಾದ್ಯ ಬೇರೆ, ತಾಳದ ಓಟ ಬೇರೆ. 2011ರಲ್ಲಿ ಅವರ ತಂಡ ಇಂಗ್ಲೆಂಡಿನ ಗ್ಲಾಸ್ಟನ್‌ಬರಿ ಉತ್ಸವದಲ್ಲಿ ಹಾಡ್ತು. ಶಿಗ್ಗಾವಿ ತಾಲೂಕಿನ ಮೇಷ್ಟ್ರು ಕಟ್ಟಿದ ಪದ ಕಾಲೇಜು ಹುಡುಗರ ಪ್ಲೇಲಿಸ್ಟಿಗೆ ಬಂತು.

ಇದೆಲ್ಲ ಸಂತೋಷದ ಸುದ್ದಿಯೇ. ಕ್ಯಾಸೆಟ್ ಇಲ್ದೇ ಇದ್ರೆ ಶರೀಫರು ನನಗೂ ಸಿಗ್ತಿರಲಿಲ್ಲ. ಆದ್ರೆ ಅದರ ಜೊತೆಗೇ ಇನ್ನೊಂದು ನಡೀತು. ಕ್ಯಾಸೆಟ್ಟಿನ ಧಾಟಿ ಎಷ್ಟು ಚೆನ್ನಾಗಿತ್ತು ಅಂದ್ರೆ, ಅದೇ ಶರೀಫರ ಧಾಟಿ ಅಂತ ನಾವು ನಂಬಿಬಿಟ್ವಿ. ಹಳ್ಳಿಯ ಭಜನಿ ಮೇಳದಲ್ಲಿ ಬೇರೆ ಥರ ಹಾಡಿದ್ರೆ, 'ಅಜ್ಜಾ, ಹಂಗಲ್ಲ ಅದು' ಅಂತ ತಿದ್ದೋಕೆ ಹೋದವ ನಾನೇ.

ಒಂದು ಹಾಡು, ಮೂರು ಪದರ

ಈಗ ಕಾನೂನು. ಬೋರ್ ಆಗಬೇಡಿ, ನಿಮ್ಮ ವಿಡಿಯೊ ಉಳಿಸೋ ಭಾಗ ಇದು. ಒಂದು ಹಾಡನ್ನ ಮೂರು ಪದರಾಗಿ ನೋಡಿ.

ಮೊದಲನೇ ಪದರ ಸಾಲುಗಳು. 1957ರ ಹಕ್ಕುಸ್ವಾಮ್ಯ ಕಾಯ್ದೆ ಪ್ರಕಾರ ಬರೆದವರು ಬದುಕಿರೋವರೆಗೆ, ಆಮೇಲೆ ಅವರು ತೀರಿಕೊಂಡ ಮುಂದಿನ ವರ್ಷದಿಂದ 60 ವರ್ಷ ಹಕ್ಕು ಇರುತ್ತೆ. ಶರೀಫರು ತೀರಿಕೊಂಡದ್ದು 1889. ಇವತ್ತಿನ ನಿಯಮ ಹಚ್ಚಿ ಲೆಕ್ಕ ಮಾಡಿದ್ರೂ 1949ಕ್ಕೆ ಮುಗೀತು. ಅಂದ್ರೆ ಶರೀಫರ ಸಾಲುಗಳು ಎಲ್ಲರ ಆಸ್ತಿ. ಯಾರನ್ನೂ ಕೇಳಬೇಕಿಲ್ಲ.

ಎರಡನೇ ಪದರ ಧಾಟಿ, ಅಂದ್ರೆ ರಾಗಸಂಯೋಜನೆ. ಇದಕ್ಕೂ ಅದೇ ಲೆಕ್ಕ, ಆದ್ರೆ ರಾಗ ಹಾಕಿದವರ ಹೆಸರಿನಲ್ಲಿ. ಸಿ. ಅಶ್ವತ್ಥ್ ತೀರಿಕೊಂಡದ್ದು 2009ರ ಡಿಸೆಂಬರ್ 29. ಅವರು ಹಾಕಿದ ರಾಗಗಳ ಮೇಲಿನ ಹಕ್ಕು 2069ರ ಕೊನೆಯವರೆಗೆ ಇರುತ್ತೆ. ಆ ಹಕ್ಕು ಯಾರ ಕೈಯಲ್ಲಿದೆ ಅನ್ನೋದು ಆಗ ಮಾಡಿಕೊಂಡ ಒಪ್ಪಂದದ ಮೇಲೆ ಹೋಗುತ್ತೆ. ಯಾರು ಕಟ್ಟಿದ್ರು ಅಂತಲೇ ಗೊತ್ತಿಲ್ಲದ, ತಲೆಮಾರಿನಿಂದ ಬಂದ ಜನಪದ ಧಾಟಿಗೆ ಇಂಥ ಒಬ್ಬ ಮಾಲೀಕ ಇರಲ್ಲ.

ಮೂರನೇ ಪದರ ರೆಕಾರ್ಡಿಂಗ್. ಆ ಕ್ಯಾಸೆಟ್ಟಿನಲ್ಲೋ ಸಿನಿಮಾದಲ್ಲೋ ಹಿಡಿದಿಟ್ಟ ದನಿ. ಇದಕ್ಕೆ ಪ್ರಕಟವಾದ ಮುಂದಿನ ವರ್ಷದಿಂದ 60 ವರ್ಷ. ಅದರ ತುಣುಕನ್ನ ರೀಲ್ಸ್ ಹಿಂದೆ ಹಾಕಿದ್ರೆ ನೀವು ಮುಟ್ಟಿದ್ದು ಈ ಪದರವನ್ನ.

ನಾನು ಬ್ಯಾಡಗಿಯಲ್ಲಿ ಮಾಡಿದ್ದು ಏನು? ಸಾಲು ಶರೀಫರದ್ದು, ತೊಂದರೆ ಇಲ್ಲ. ರೆಕಾರ್ಡಿಂಗ್ ನಂದೇ, ತೊಂದರೆ ಇಲ್ಲ. ನಡುವಿನ ಪದರ ಮಾತ್ರ ನಂದಲ್ಲ, ಶರೀಫರದ್ದೂ ಅಲ್ಲ. ಆ್ಯಪಿನ ಯಂತ್ರ ನನ್ನ ಹಾಡನ್ನ ತನ್ನ ಹತ್ರ ಇರೋ ಧಾಟಿಗಳ ಜೊತೆ ಹೋಲಿಸಿ ನೋಡ್ತು, ಹೊಂದಿತು. ಕ್ಲೇಮ್ ಬಂತು. ನಾನು ಸಿಟ್ಟು ಮಾಡ್ಕೊಂಡಿದ್ದು ಪೂರ್ತಿ ಸರಿಯಿರಲಿಲ್ಲ. ಡಿಲೀಟ್ ಮಾಡಿದ್ದೂ ದಡ್ಡತನವೇ. ಕ್ಲೇಮ್ ಅಂದ್ರೆ ಬಹಳ ಸಲ ಆದಾಯ ಅವರಿಗೆ ಹೋಗುತ್ತೆ ಅಂತ ಅಷ್ಟೇ, ವಿಡಿಯೊ ಉಳಿಯುತ್ತೆ. ಸ್ಟ್ರೈಕ್ ಅನ್ನೋದು ಬೇರೆ, ಅದು ವಿಡಿಯೊವನ್ನೇ ತೆಗೆಸುತ್ತೆ. ಎರಡನ್ನೂ ಒಂದೇ ಅಂದ್ಕೊಂಡು ಗಾಬರಿ ಆಗಬೇಡಿ. ಹಾಗೇ, ಯಂತ್ರ ತಪ್ಪೂ ಮಾಡುತ್ತೆ. ನೀವು ಹಾಡಿದ್ದು ಹಳ್ಳಿಯ ಹಳೇ ಧಾಟಿಯಾಗಿದ್ರೆ ಆಕ್ಷೇಪಣೆ ಹಾಕೋ ಅವಕಾಶ ನಿಮಗಿದೆ.

ಗುಡಿಯಲ್ಲಿ ಭಜನೆ ಹಾಡೋರು ಭಯಪಡಬೇಕಿಲ್ಲ. ನಿಜವಾದ ಧಾರ್ಮಿಕ ಸಮಾರಂಭದಲ್ಲಿ ಹಾಡೋದಕ್ಕೆ ಕಾಯ್ದೆಯಲ್ಲೇ ವಿನಾಯಿತಿ ಇದೆ. ಅದನ್ನ ರೆಕಾರ್ಡ್ ಮಾಡಿ ಅಪ್‌ಲೋಡ್ ಮಾಡೋದು ಮಾತ್ರ ಬೇರೆ ವಿಷಯ.

ನೀವೇ ಪದ ಕಟ್ಟೋರಾದ್ರೆ

ನಮ್ಮ ಕಡೆ ಈಗ ಹಾಡೋ ಹುಡುಗ ಹುಡುಗಿಯರು ಬಹಳ ಇದ್ದಾರೆ. ಹಾವೇರಿ ಜಿಲ್ಲೆಯ ಕುರಿಗಾಹಿ ಹುಡುಗ ಹನುಮಂತ ಲಮಾಣಿ ಟಿವಿಯ ಸರಿಗಮಪ ವೇದಿಕೆಗೆ ಹೋಗಿ ರನ್ನರ್ ಅಪ್ ಆದ ಮೇಲೆ ಎಷ್ಟೋ ಮನೆಗಳಲ್ಲಿ 'ಹಾಡಿಂದ ಏನ್ ಸಿಗತೈತಿ' ಅನ್ನೋ ಮಾತು ಕಡಿಮೆ ಆಗಿದೆ. ಆದ್ರೆ ಎಲ್ಲರಿಗೂ ಟಿವಿ ಸಿಗಲ್ಲ. ಫೋನ್ ಎಲ್ಲರ ಕೈಯಲ್ಲೂ ಇದೆ. ಹಾಗಾಗಿ ನಾಲ್ಕು ಮಾತು.

ಒಂದು. ನೀವು ಕಟ್ಟಿದ ಹಾಡಿನ ಮೇಲೆ ಹಕ್ಕು ಹುಟ್ಟೋಕೆ ನೋಂದಣಿ ಬೇಕಿಲ್ಲ, ಕಟ್ಟಿದ ಕ್ಷಣವೇ ಅದು ನಿಮ್ಮದು. ಆದ್ರೆ ನಿಮ್ಮದು ಅಂತ ತೋರಿಸೋಕೆ ಸಾಕ್ಷಿ ಬೇಕು. ಮೊದಲ ಬರಹ, ಮೊದಲ ರೆಕಾರ್ಡಿಂಗ್ ತಾರೀಖಿನ ಸಮೇತ ಇಟ್ಕೊಳ್ಳಿ.

ಎರಡು. ಗೆಳೆಯರ ಜೊತೆ ಸೇರಿ ಮಾಡಿದ್ರೆ, ಸಾಲು ಯಾರದು, ರಾಗ ಯಾರದು, ದುಡ್ಡು ಬಂದ್ರೆ ಯಾರಿಗೆಷ್ಟು ಅಂತ ಒಂದು ಹಾಳೆಯಲ್ಲಿ ಬರೆದು ಸಹಿ ಹಾಕಿ. ಗೆಳೆತನ ಉಳಿಯೋದು ಇದರಿಂದಲೇ.

ಮೂರು. ಯಾರಾದ್ರೂ 'ಎಲ್ಲ ಹಕ್ಕುಗಳನ್ನೂ' ಬರೆದುಕೊಡಿ ಅಂದ್ರೆ ಆ ದಿನ ಸಹಿ ಹಾಕಬೇಡಿ. ಮನೆಗೆ ತಂದು, ತಿಳಿದವರಿಗೆ ತೋರಿಸಿ. 2012ರ ತಿದ್ದುಪಡಿ ಗೀತರಚನೆಕಾರರಿಗೂ ಸಂಯೋಜಕರಿಗೂ ರಾಯಲ್ಟಿಯಲ್ಲಿ ಪಾಲು ಕೊಟ್ಟಿದೆ. ಅದನ್ನ ಸಂಗ್ರಹಿಸಿ ಕೊಡೋಕೆ 1969ರಲ್ಲಿ ಶುರುವಾದ ಐಪಿಆರ್‌ಎಸ್ ಅನ್ನೋ ಸಂಸ್ಥೆ ಇದೆ. ಹಾಡು ಬರೆಯೋರು, ರಾಗ ಹಾಕೋರು ಅಲ್ಲಿ ಸದಸ್ಯರಾಗಬಹುದು.

ನಾಲ್ಕು. ನೌಕರಿ ಇದ್ರೆ ನಾಚ್ಕೋಬೇಡಿ. ಅಂಬಿಗ, ಕಾರ್ಖಾನೆಯ ನೌಕರ, ವಕೀಲ, ಇವತ್ತು ನಾವು ನೋಡಿದ ಹಾಡುಗಾರರ ಪಟ್ಟಿ ಇದೇ. ಶರೀಫರು ನೌಕರಿ ಬಿಟ್ಟದ್ದನ್ನ ಹೇಳಿ ಯಾರಾದ್ರೂ ನಿಮ್ಮನ್ನ ಹುರಿದುಂಬಿಸಿದ್ರೆ, ಅವರ ಒಂಟಿ ಮನೆಯನ್ನೂ ನೆನಪು ಮಾಡ್ಕೊಳ್ಳಿ. ಬಡತನ ಹಾಡಿಗೆ ಗೊಬ್ಬರ ಅಂತ ನಾನು ಹೇಳಲ್ಲ.

ಅಜ್ಜನ ಧಾಟಿ

ಕೊನೆಗೆ ಅಜ್ಜನ ಹತ್ರ ವಾಪಸ್ ಹೋಗೋಣ.

ಅವತ್ತು ಅವರು 'ನಾವು ಹಿಂಗ ಹಾಡಂಗಿಲ್ಲ' ಅಂದ್ರಲ್ಲ, 'ಮತ್ತ ಹೆಂಗ ಹಾಡ್ತೀರಿ?' ಅಂತ ಕೇಳೋಕೆ ನನಗೆ ಎಂಟು ತಿಂಗಳು ಬೇಕಾಯ್ತು. ದೀಪಾವಳಿಗೆ ಹೋದಾಗ ಕೇಳಿದೆ. ಅಜ್ಜ ಒಳಗಿಂದ ಒಂದು ಉದ್ದ ಪಟ್ಟಿಯ ಬುಕ್ಕು ತಂದ್ರು. ಮೂಲೆ ಸವೆದು, ಎಣ್ಣೆ ಕಲೆ ಹತ್ತಿ, ದಾರದಲ್ಲಿ ಹೊಲಿದದ್ದು. ಪದ ಎಲ್ಲ ಬರೆದಿತ್ತು. ಧಾಟಿ ಎಲ್ಲಿ ಬರೆದಿದೆ ಅಂತ ಕೇಳಿದೆ. ಎದೆ ಮುಟ್ಟಿ ತೋರಿಸಿದ್ರು. ಅವರ ಮೇಳದಲ್ಲಿ ಮೊದಲು ಹನ್ನೊಂದು ಜನ ಇದ್ರಂತೆ. ಈಗ ನಾಲ್ಕು ಜನ. ದಮ್ಮಡಿ ಬಾರಿಸೋರಿಗೆ ಕೈ ನಡುಗುತ್ತೆ.

ಹಾಡಿದ್ರು. ನಾನು ಕ್ಯಾಸೆಟ್ಟಿನಲ್ಲಿ ಕೇಳಿದ್ದಕ್ಕಿಂತ ನಿಧಾನ. ಎರಡನೇ ಸಾಲಿನಲ್ಲಿ ದನಿ ಮೇಲೆ ಹೋಗುತ್ತೆ ಅಂತ ನಾನು ಕಾಯ್ತಾ ಇದ್ರೆ, ಅದು ಕೆಳಗಿಳೀತು. ಅಂಕಿತದ ಸಾಲನ್ನ ಎರಡು ಸಲ ಹಾಡಿ, ಮೂರನೇ ಸಲ ಹಾಡದೆ ಬರೀ ತಾಳ ಹಾಕಿ ಬಿಟ್ರು. ಯಾಕೆ ಅಂತ ಕೇಳಿದೆ. "ಮೂರನೇದು ಕೂತು ಕೇಳಾವರು ಹೇಳಬೇಕು. ನೀ ಹೇಳಲಿಲ್ಲ" ಅಂದ್ರು.

ಫೋನ್ ಆನ್ ಮಾಡಿ ಮತ್ತೆ ಹಾಡಿಸಿದೆ. ಈ ಸಲ ಮೂರನೇದು ನಾನು ಹೇಳಿದೆ. ಅದು ಶರೀಫರೇ ಹಾಡಿದ ಧಾಟಿಯಾ? ಹಾಗಂತ ನಾನು ಹೇಳಲ್ಲ. ಅಜ್ಜನಿಗೆ ಕಲಿಸಿದವರು ಒಬ್ಬರು, ಅವರಿಗೆ ಕಲಿಸಿದವರು ಇನ್ನೊಬ್ಬರು, ನಡುವೆ ಎಷ್ಟೋ ಬದಲಾಗಿರುತ್ತೆ. ಆದ್ರೆ ಅದು ಯಾವ ಕ್ಯಾಸೆಟ್ಟಿನಲ್ಲೂ ಇಲ್ಲದ ಧಾಟಿ ಅನ್ನೋದು ನಿಜ.

ವಿಡಿಯೊ ಅಪ್‌ಲೋಡ್ ಮಾಡಿದ್ದೀನಿ. ಕೆಳಗೆ ಮೂರೂ ಪದರ ಬರೆದಿದ್ದೀನಿ: ಸಾಹಿತ್ಯ ಶಿಶುನಾಳ ಶರೀಫರದು, ಧಾಟಿ ನಮ್ಮ ಭಜನಿ ಮೇಳದ್ದು, ರೆಕಾರ್ಡಿಂಗ್ ನಂದು. ಇಲ್ಲಿವರೆಗೂ ಕ್ಲೇಮ್ ಬಂದಿಲ್ಲ. ನೋಡಿದವರು ಮುನ್ನೂರು ಚಿಲ್ಲರೆ ಜನ. ಬ್ಯಾಡಗಿಯಲ್ಲಿ ಹಾಡಿದ್ದಕ್ಕೆ ಎರಡೇ ದಿನಕ್ಕೆ ಅದರ ಹತ್ತು ಪಟ್ಟು ಬಂದಿತ್ತು, ಅದನ್ನೂ ಹೇಳಿಬಿಡ್ತೀನಿ.

ನಿಮ್ಮ ಊರಲ್ಲೂ ಹೀಗೆ ಬುಕ್ಕು ಇಟ್ಕೊಂಡಿರೋ ಅಜ್ಜ, ಆಯಿ ಇರ್ತಾರೆ. ಈ ವಾರ ಒಂದು ಪದ, ಒಂದೇ ಒಂದು, ಅವರ ಧಾಟಿಯಲ್ಲಿ ಹಾಡಿಸಿ ರೆಕಾರ್ಡ್ ಮಾಡಿ. ಮೊದಲು ಅವರ ಒಪ್ಪಿಗೆ ಕೇಳಿ, ಯಾರಿಂದ ಕಲಿತ್ರು ಅಂತ ಕೇಳಿ, ಅದನ್ನೂ ಫೋನಿನಲ್ಲೇ ಹೇಳಿಸಿ. ಅಪ್‌ಲೋಡ್ ಮಾಡೋದು ಆಮೇಲಿನ ಮಾತು.